ನೀರಿಗಿಂತ ಮೊದಲು ಅಳು

ಕೇಳುವುದೇ ನನ್ನ ಹೊಟ್ಟೆಪಾಡು. ಸಾಕ್ಷ್ಯಚಿತ್ರ ಮಾಡುವವರ ಜೊತೆ ಹೋಗಿ ಧ್ವನಿ ಹಿಡಿದುಕೊಂಡು ಬರುತ್ತೇನೆ. ಕ್ಯಾಮೆರಾದವರನ್ನು ಊರವರೆಲ್ಲ ಸುತ್ತುವರಿದು ಮಾತಾಡಿಸುತ್ತಾರೆ. ಉದ್ದನೆಯ ಕೋಲಿಗೆ ಮೈಕು ಸಿಕ್ಕಿಸಿಕೊಂಡು ಪಕ್ಕದಲ್ಲಿ ನಿಂತ ಹೆಂಗಸನ್ನು ಮಾತ್ರ, ಈಕೆ ಜೇಡರ ಬಲೆ ತೆಗೆಯಲು ಬಂದವಳೇನೋ ಎಂಬಂತೆ ನೋಡುತ್ತಾರೆ. ಮೊದಮೊದಲು ಸಿಟ್ಟು ಬರುತ್ತಿತ್ತು. ಈಗಲೂ ಬರುತ್ತದೆ, ಆದರೆ ಕೋಲು ಅಲುಗಾಡಿಸದೆ ಸಿಟ್ಟು ಮಾಡಿಕೊಳ್ಳುವುದನ್ನು ಕಲಿತಿದ್ದೇನೆ.

ಬೆಳೆದದ್ದು ಹೈದರಾಬಾದಿನಲ್ಲಿ, ಅಪ್ಪ ಕೆಲಸ ಮಾಡುತ್ತಿದ್ದ ರಕ್ಷಣಾ ಕಾರ್ಖಾನೆಯ ಕ್ವಾರ್ಟರ್ಸಿನಲ್ಲಿ. ಬಾಗಿಲ ಹೊರಗೆ ತೆಲುಗು, ಹಿಂದಿ. ಒಳಗೆ ಕಲಬುರಗಿಯ ಕನ್ನಡ. ಅಪ್ಪ ತೀರಿಕೊಂಡ ಮೇಲೆ ಅವ್ವ ನನ್ನ ಜೊತೆಗೇ ಇದ್ದಾಳೆ. ಮಗಳು ದಿನವಿಡೀ ಹೆಡ್‌ಫೋನಿನಲ್ಲಿ ಕಿವಿ ಮುಚ್ಚಿಕೊಂಡು ಕೂರುತ್ತಾಳೆ, ಕರೆದರೆ ಓ ಅನ್ನುವುದಿಲ್ಲ, ಆದರೂ ಕೇಳುವುದಕ್ಕೇ ಈಕೆಗೆ ಸಂಬಳ ಕೊಡುತ್ತಾರಲ್ಲ ಎಂಬುದು ಅವಳಿಗೆ ಇನ್ನೂ ಬಿಡಿಸಲಾಗದ ಒಗಟು.

ನಾನು ಹೇಳಹೊರಟಿರುವ ಚಿತ್ರದ ನಿರ್ದೇಶಕ ಮೈಸೂರಿನ ಕಡೆಯ ಯುವಕ. ಇಲ್ಲೇ ಹೈದರಾಬಾದಿನ ಕಂಪ್ಯೂಟರ್ ಕಂಪನಿಯಲ್ಲಿದ್ದವನು, ಅದನ್ನು ಬಿಟ್ಟು ಕ್ಯಾಮೆರಾ ಹಿಡಿದಿದ್ದ. ಲಂಬಾಣಿ ಹೆಂಗಸರ ಅಳುವ ಹಾಡುಗಳ ಮೇಲೆ ಅವನಿಗೆ ಪ್ರಾಣ. ಮೊದಲ ಸಲ ಮನೆಗೆ ಬಂದವನು ಕುರ್ಚಿಯ ತುದಿಯಲ್ಲಿ ಕೂತು, "ಮೇಡಂ, ಈ ತಲೆಮಾರು ಹೋದ್ರೆ ಹಾಡ್ಕೊಂಡು ಅಳೋರು ಯಾರೂ ಇರಲ್ಲ. ಉಳಿಸ್ಬೇಕು ಮೇಡಂ" ಎಂದಿದ್ದ. ಉಳಿಸಬೇಕು ಎನ್ನುವವರನ್ನು ನಾನು ಬಹಳ ನೋಡಿದ್ದೇನೆ. ಮಾವಿನಕಾಯಿ ಸಿಕ್ಕ ಕಾಲದಲ್ಲಿ ಉಪ್ಪು ಹಾಕಿ ಭರಣಿಗೆ ತುಂಬಿಟ್ಟ ಹಾಗೆ ಜನರ ಬದುಕನ್ನೂ ತುಂಬಿಡಬಹುದು ಎಂದುಕೊಂಡಿರುತ್ತಾರೆ. ಆದರೆ ಈ ಹುಡುಗನ ಕಣ್ಣಲ್ಲಿ ಕಪಟ ಇರಲಿಲ್ಲ. ಅವ್ವ ಕೊಟ್ಟ ಉಪ್ಪಿಟ್ಟನ್ನು ಎರಡನೆಯ ಸಲ ಕೇಳಿ ಹಾಕಿಸಿಕೊಂಡ. ಅಲ್ಲಿಗೆ ಅವ್ವ ನನ್ನ ಪರವಾಗಿ ಒಪ್ಪಿಗೆ ಕೊಟ್ಟುಬಿಟ್ಟಳು.

ಚಿತ್ರಕ್ಕೆ ಅವನು ಹುಡುಕಿದ್ದು ಹೈದರಾಬಾದಿನ ಅಂಚಿನ ಪಟಾನ್‌ಚೆರುವಿನ ಒಬ್ಬ ಲಂಬಾಣಿ ಮುದುಕಿಯನ್ನು. ಮಗ ಅಲ್ಲಿಯ ಔಷಧಿ ಕಾರ್ಖಾನೆಯೊಂದರಲ್ಲಿ ದುಡಿಯುತ್ತಾನೆ. ತಗಡಿನ ಮಾಡಿನ ಎರಡು ಕೋಣೆಯ ಮನೆ, ಗಾಳಿ ತಿರುಗಿದರೆ ಮೂಗಿಗೆ ಅಡರುವ ಕಾರ್ಖಾನೆಯ ವಾಸನೆ. ಆಕೆ ಹುಟ್ಟಿದ್ದು ಬೀದರ್ ಕಡೆಯ ಲಂಬಾಣಿ ತಾಂಡಾದಲ್ಲಿ, ಮದುವೆಯಾಗಿ ಬಂದದ್ದು ತೆಲಂಗಾಣಕ್ಕೆ. ಹಾಗಾಗಿ ಕನ್ನಡ ಗೊತ್ತಿತ್ತು, ಅರ್ಧ ಮರೆತಿತ್ತು. ಕನ್ನಡದಲ್ಲಿ ಶುರು ಮಾಡಿದ ಮಾತನ್ನು ತೆಲುಗಿನಲ್ಲಿ ಮುಗಿಸುತ್ತಿದ್ದಳು. ಆಕೆಗೊಬ್ಬಳು ಅಕ್ಕ ಇದ್ದಳು, ಗಡಿಯಾಚೆ ಬೀದರ್ ಜಿಲ್ಲೆಯ ತಾಂಡಾದಲ್ಲೇ. ಹೆಸರುಗಳು ಬೇಡ. ಪಟಾನ್‌ಚೆರುವಿನಾಕೆಯನ್ನು ತಂಗಿ, ತಾಂಡಾದಾಕೆಯನ್ನು ಅಕ್ಕ ಎನ್ನುತ್ತೇನೆ.

ಅಳುವ ಹಾಡು ಎಂದರೆ ಏನು ಎಂದು ತಂಗಿಯೇ ನಮಗೆ ತಿಳಿಸಿದಳು. ಮದುವೆಯಾಗಿ ಹೊರಟ ಹೆಣ್ಣು ಒಬ್ಬೊಬ್ಬರ ಕೊರಳಿಗೂ ಬಿದ್ದು ಹಾಡಿಕೊಂಡು ಅಳುತ್ತಾಳೆ, ಅದು ಢಾವಲೋ. ಅದಲ್ಲದೆ, ಬಹಳ ದಿನದ ಮೇಲೆ ಭೇಟಿಯಾದ ಹೆಂಗಸರೂ ಹೀಗೇ ಅಳುತ್ತಾರೆ. ನಡುವೆ ಯಾರಾದರೂ ಸತ್ತಿದ್ದರಂತೂ ಅಳಲೇಬೇಕು. ಕಲಿತ ಸಾಲುಗಳು ಕೆಲವು, ಅಲ್ಲಲ್ಲೇ ಕಟ್ಟಿದ ಸಾಲುಗಳು ಹಲವು. ಸಿಟ್ಟು, ಆಕ್ಷೇಪಣೆ, ನೆವ, ನೆನಪು ಎಲ್ಲವೂ ಆ ರಾಗದಲ್ಲೇ ಹೊರಗೆ ಬರಬೇಕು. ಬಾಯಿಮಾತಿನಲ್ಲಿ ಹೇಳಲಾಗದ್ದನ್ನು ಅಲ್ಲಿ ಹೇಳಬಹುದು, ಕೇಳಿದವರು ಅದನ್ನು ಆಮೇಲೆ ಜಗಳಕ್ಕೆ ಎಳೆಯುವಂತಿಲ್ಲ.

"ಒಂದು ಹಾಡ್ತೀರಾ?" ಎಂದು ನಿರ್ದೇಶಕ ಕ್ಯಾಮೆರಾ ಸರಿಮಾಡಿಕೊಂಡ.

ತಂಗಿ ಸುತ್ತಲೂ ನೋಡಿ, "ಯಾರ ಕೊರಳಿಗಿ ಬಿದ್ದ ಅಳ್ಲಿ? ನಿನ್ನ ಆ ಡಬ್ಬಿ ಕೊರಳಿಗಿ ಬೀಳ್ಲೇನು?" ಎಂದಳು. ನನಗೆ ನಗು ತಡೆಯಲಾಗಲಿಲ್ಲ. ಆ ನಗು ರೆಕಾರ್ಡಿನಲ್ಲಿ ಈಗಲೂ ಇದೆ.

ಆಮೇಲೆ ಆಕೆ ತಾನಾಗಿ ಹೇಳಿದಳು. ಕೊರೊನಾದ ಮೊದಲ ವರ್ಷ, ಎಲ್ಲ ಬಂದ್ ಆಗಿದ್ದಾಗ, ಅಕ್ಕನ ಗಂಡ ಎದೆನೋವಿನಿಂದ ತೀರಿಕೊಂಡಿದ್ದ. ತಂಗಿ ಹೋಗಲಿಲ್ಲ. ಬಸ್ಸು ಬಿಟ್ಟ ಮೇಲೂ ಹೋಗಲಿಲ್ಲ. ದಿನ ಕಳೆದಷ್ಟೂ ಮೋರೆ ತೋರಿಸುವುದು ಕಷ್ಟವಾಯಿತು. ಅಕ್ಕ ಫೋನು ಎತ್ತುವುದನ್ನು ಬಿಟ್ಟಳು. "ನಮ್ಮ ಅಕ್ಕನ್ನ ಭೆಟ್ಟಿ ಮಾಡಸ್ರಿ. ಅಕಿ ಕೊರಳಿಗಿ ಬಿದ್ದ ನಾ ಅಳೂದು ಐತಿ. ಅದು ಒಂದ ಆದ್ರ ಸಾಕು, ನೀವು ಅದನ್ನ ತಗೊಳ್ರಿ, ಬಿಡ್ರಿ."

ಯಾಕೆ ಹೋಗಲಿಲ್ಲ ಎಂದು ನಾನು ಕೇಳಿದೆ.

"ಅದು ನಿನಗ ಹೇಳೂದಲ್ಲ" ಎಂದಳು. "ಅಕಿ ಕೊರಳಾಗ ಹೇಳೂದು."

ನನಗೆ ಆಕೆ ಅಲ್ಲೇ ಇಷ್ಟವಾಗಿಬಿಟ್ಟಳು.

ನಿರ್ದೇಶಕನಿಗೆ ಇದಕ್ಕಿಂತ ಇನ್ನೇನು ಬೇಕು? ನಿಜವಾದ ಭೇಟಿ, ನಿಜವಾದ ಅಳು. ಅಕ್ಕನಿಗೆ ತಾಂಡಾದ ಮಾಸ್ತರರೊಬ್ಬರ ಮೂಲಕ ಹೇಳಿ ಕಳಿಸಿ, ಒಪ್ಪಿಸಿ, ಕಾರಿನಲ್ಲಿ ಕರೆತರುವುದೆಂದು ಗೊತ್ತುಮಾಡಿದ. ನಾನು ಕೋಠಿಯ ಅಂಗಡಿಗಳಿಗೆ ಹೋಗಿ ಹೊಸ ವೈರು, ಮೈಕಿಗೆ ಗಾಳಿಯ ಸದ್ದು ತಡೆಯುವ ತುಪ್ಪುಳದ ಟೊಪ್ಪಿಗೆ ಎಲ್ಲ ತಂದೆ. ನನ್ನ ಸಿದ್ಧತೆ ನೋಡಿದ ಅವ್ವ ತಾನೂ ಬರುತ್ತೇನೆಂದು ಹಟ ಹಿಡಿದಳು.

"ಅಷ್ಟ ದೂರದಿಂದ ಬರಾಕಿ ಅಕಿ, ಕಾರಿನಾಗ ಅಕಿ ಕೂಡ ಮಾತಾಡಾವ್ರು ಯಾರು? ನೀ ಅಂತೂ ಕಿವಿ ಮುಚ್ಚಿಕೊಂಡ ಕೂಡ್ತಿ."

ನಿರ್ದೇಶಕ, "ಅಮ್ಮ ಬರ್ಲಿ ಮೇಡಂ, ಒಳ್ಳೇದೇ ಆಯ್ತು" ಎಂದ. ಅವನಿಗೇನು, ಉಪ್ಪಿಟ್ಟಿನ ಋಣ. ಅವ್ವ ಬೇಗಂ ಬಜಾರಿನಿಂದ ತಂದ ಬೆಲ್ಲವನ್ನು ಒಡೆದು ಡಬ್ಬಿಗೆ ಹಾಕಿಕೊಂಡು, ತಂಬಿಗೆಯೊಂದನ್ನು ಚೀಲಕ್ಕಿಳಿಸಿ ಎಲ್ಲರಿಗಿಂತ ಮೊದಲು ಕಾರಿನಲ್ಲಿ ಕೂತಿದ್ದಳು.

ಗಡಿ ದಾಟಿ, ಹೆದ್ದಾರಿ ಬಿಟ್ಟು ಮಣ್ಣಿನ ದಾರಿಯಲ್ಲಿ ಹೋದರೆ ಅಕ್ಕನ ತಾಂಡಾ. ಅಕ್ಕ ಕನ್ನಡಿ ಕೂರಿಸಿದ ಹಳೆಯ ಲಂಬಾಣಿ ಉಡುಪಿನಲ್ಲೇ ಇದ್ದಳು. ತೋಳಿನ ಬಳೆಗಳನ್ನು ಗಂಡ ಹೋದ ಮೇಲೆ ತೆಗೆದಿದ್ದಳು, ಮೊಣಕೈ ಕೆಳಗೆ ಬಿಳಿ ಬಳೆಗಳಿದ್ದವು. ಎತ್ತರದ ಹೆಂಗಸು, ಬಾಗಿಲಿಗೆ ಬೀಗ ಹಾಕಿ ಎಳೆದು ನೋಡಿ, ಕಾರಿನಲ್ಲಿ ನೆಟ್ಟಗೆ ಕೂತಳು. ನಿರ್ದೇಶಕ ಕ್ಯಾಮೆರಾದ ಜೊತೆ ತಂಗಿಯ ಮನೆಯಲ್ಲೇ ಉಳಿದಿದ್ದ. ನಾನು ಕಾರು ಓಡಿಸುತ್ತಿದ್ದೆ, ಅವರಿಬ್ಬರೂ ಹಿಂದೆ. ಸ್ವಲ್ಪ ಹೊತ್ತು ಅವ್ವ ಮಳೆ, ಬೆಳೆ, ಮೊಣಕಾಲು ನೋವು ಮಾತಾಡಿದಳು. ಮೊಣಕಾಲಿನ ಮಾತಿಗೆ ಬರುವಷ್ಟರಲ್ಲಿ ಇಬ್ಬರೂ ಸಂಬಂಧಿಕರಾಗಿದ್ದರು. ಆಮೇಲೆ ಅವ್ವ ಮೆಲ್ಲಗೆ ತಂಗಿಯ ಸುದ್ದಿ ತೆಗೆದಳು. ಪಾಪ, ಬಸ್ಸು ಇರಲಿಲ್ಲವಲ್ಲ ಆಗ, ಎಂದು.

"ಬಸ್ ಇದ್ದಿದ್ದಿಲ್ಲ, ಅದು ನನಗೂ ಗೊತ್ತೈತ್ರಿ" ಎಂದಳು ಅಕ್ಕ. "ಪಟಾನ್‌ಚೆರುವಿನ ಕಾರ್ಖಾನಿದಾಗ ದುಡೀತಿದ್ದ ನಮ್ಮ ತಾಂಡಾದ ಹುಡುಗ್ರು ಇದ ರಸ್ತಾದಾಗ ನಡಕೋತ ಬಂದ್ರು. ಒಬ್ಬಾಕಿ ಬಸರಿ ಇದ್ಲು, ಅಕಿನೂ ನಡಕೋತ ಬಂದ್ಲು. ದಿನಾ ಬಾಗಿಲಾಗ ಕೂತು ನೋಡ್ತಿದ್ದೆ, ಬಂದವ್ರೊಳಗ ಇಕಿ ಅದಾಳೇನು ಅಂತ. ಅಕಿಗಿ ಕಾಲ ಇದ್ದಿದ್ದಿಲ್ಲೇನು?"

ಆ ವರ್ಷ ಹೆದ್ದಾರಿಯಲ್ಲಿ ತಲೆಯ ಮೇಲೆ ಗಂಟು, ಕಂಕುಳಲ್ಲಿ ಮಗು ಹೊತ್ತು ಹೊರಟವರನ್ನು ನಾವು ಟೀವಿಯಲ್ಲಿ ನೋಡಿದ್ದೆವು, ನೋಡಿ ಊಟಕ್ಕೆ ಎದ್ದಿದ್ದೆವು. ಆ ರಸ್ತೆಯ ಆ ತುದಿಯಲ್ಲಿ ಒಬ್ಬಾಕೆ ಬಾಗಿಲಲ್ಲಿ ಕೂತು ಬರುವವರ ಮುಖಗಳಲ್ಲಿ ತಂಗಿಯನ್ನು ಹುಡುಕುತ್ತಿದ್ದಳು ಎಂಬುದು ನಮಗೆ ತಿಳಿದದ್ದು ಈಗ.

ತಂಗಿಯ ಮನೆಯ ಎದುರು ಕಾರು ನಿಂತಾಗ ಬಿಸಿಲು ನೆತ್ತಿಗೇರಿತ್ತು. ತಂಗಿ ಒಳಗೆ, ಕ್ಯಾಮೆರಾದ ಮುಂದೆ, ಗೋಡೆಗೆ ಆತು ನಿಂತಿದ್ದಳು. ಬೆಳಗಿನಿಂದ ಒಂದು ತುತ್ತೂ ಬಾಯಿಗೆ ಹಾಕಿರಲಿಲ್ಲವಂತೆ. ನಾನು ಓಡಿಹೋಗಿ ಮೈಕು ಹಿಡಿದು ಹೆಡ್‌ಫೋನ್ ಹಾಕಿಕೊಂಡೆ. ಅಕ್ಕ ಇಳಿದು ಹೊಸ್ತಿಲ ಹತ್ತಿರ ಬಂದಳು. ಸರಿಯಾಗಿ ಆಗ ನಿರ್ದೇಶಕ, "ಒಂದ್ನಿಮಿಷ, ಅಲ್ಲೇ ಇರಿ, ಅಲ್ಲೇ ಇರಿ, ಬೆಳಕು ಸರಿಯಿಲ್ಲ" ಎಂದು ಕೈ ಎತ್ತಿದ.

ಅಕ್ಕ ಬಿಸಿಲಿನಲ್ಲಿ ನಿಂತಳು. ಅಕ್ಕತಂಗಿಯರ ನಡುವೆ ಹೊಸ್ತಿಲು ಮತ್ತು ನಾಲ್ಕು ಹೆಜ್ಜೆ. ನಿರ್ದೇಶಕ ಕಿಟಕಿಗೆ ಪರದೆ ಕಟ್ಟುತ್ತಿದ್ದ, ಅದು ಬೀಳುತ್ತಿತ್ತು, ಮತ್ತೆ ಕಟ್ಟುತ್ತಿದ್ದ. ಮನೆಗೆ ಬಂದವರನ್ನು ಬಾಗಿಲಲ್ಲಿ ಬಿಸಿಲಿಗೆ ನಿಲ್ಲಿಸುವುದನ್ನು ನನ್ನ ಅವ್ವ ಜನ್ಮದಲ್ಲಿ ಸಹಿಸಿದವಳಲ್ಲ. ನಮ್ಮ ಕಡೆ ಯಾರೇ ಬರಲಿ, ಬೈಯಲು ಬಂದವರೇ ಆಗಲಿ, ಮೊದಲು ಬೆಲ್ಲ ನೀರು, ಆಮೇಲೆ ಮಾತು. ಬಾಗಿಲ ಪಕ್ಕದ ಕೊಡದಿಂದ ತಂಬಿಗೆಯಲ್ಲಿ ನೀರು ತುಂಬಿ, ಬೆಲ್ಲದ ಚೂರನ್ನು ಅಂಗೈಯಲ್ಲಿಟ್ಟು, "ತಗೋರಿ, ಬಿಸಲಾಗ ಬಂದೀರಿ" ಎಂದು ಕೊಟ್ಟೇಬಿಟ್ಟಳು.

ಅಕ್ಕ ತಂಬಿಗೆಯನ್ನು ನೋಡಿದಳು. ಒಳಗಿದ್ದ ತಂಗಿಯನ್ನು ನೋಡಿದಳು. ಬೆಲ್ಲ ಬಾಯಿಗೆ ಹಾಕಿಕೊಂಡು ತಂಬಿಗೆ ಎತ್ತಿ ಗಟಗಟ ಕುಡಿದಳು. ಆ ಗುಟುಕಿನ ಸದ್ದು ನನ್ನ ಕಿವಿಯಲ್ಲಿ ಸ್ಪಷ್ಟವಾಗಿ ಕೇಳಿತು. ತಂಗಿಯ ಉಸಿರು ನಿಂತದ್ದೂ ಕೇಳಿತು.

ನಿರ್ದೇಶಕ, "ಹ್ಞಾಂ, ಬನ್ನಿ" ಎಂದ.

ಅಕ್ಕ ಒಳಗೆ ಬಂದು ಚಾಪೆಯ ಮೇಲೆ ಕೂತಳು. ತಂಗಿ ಎದುರಿಗೆ ಕೂತಳು. ಅಕ್ಕ ಏನೋ ಕೇಳಿದಳು, ತಂಗಿ ಏನೋ ಹೇಳಿದಳು. ಮಗ ಎಲ್ಲಿ, ಕೆಲಸಕ್ಕೆ ಹೋಗಿದ್ದಾನೆ, ಅಷ್ಟೇ. ನೆರೆಮನೆಯವರು ಬಂದು ಕೂತಾಗ ಆಡುವಂಥ ಮಾತು. ಕೊರಳಿಗೆ ಬೀಳುವುದಿಲ್ಲ, ಅಳುವುದಿಲ್ಲ. ನಾವು ಕಾದೆವು. ಕೊನೆಗೆ ನಿರ್ದೇಶಕ ತಡೆಯಲಾರದೆ ಕೇಳಿಯೇಬಿಟ್ಟ.

"ನೀರು ಆಗಿಬಿಟ್ಟೈತಿ" ಎಂದಳು ತಂಗಿ, ನೆಲ ನೋಡುತ್ತ.

ಆಗ ನಮಗೆ ತಿಳಿದದ್ದು. ಎಲ್ಲ ತಾಂಡಾಗಳ ಮಾತು ನನಗೆ ಗೊತ್ತಿಲ್ಲ, ಇವರ ಮನೆತನದ ಕ್ರಮ ಇದು: ಬಹಳ ದಿನದ ಮೇಲೆ ಹೆಂಗಸು ಬಂದರೆ ನೀರಿಗಿಂತ ಮೊದಲು ಅಳು ಆಗಬೇಕು. ಅತ್ತು ಮುಗಿದ ಮೇಲೆ ಮನೆಯವಳು ನೀರು ಕೊಡುತ್ತಾಳೆ, ಮುಖ ತೊಳೆದು ನೀರು ಕುಡಿದರೆ ಅಳು ಮುಗಿಯಿತೆಂದು ಅರ್ಥ. ತಂಗಿ ನಮಗೆ ಎಲ್ಲ ಹೇಳಿದ್ದಳು, ಇದೊಂದನ್ನು ಹೇಳಿರಲಿಲ್ಲ. ಅಳುವುದಕ್ಕಿಂತ ಮೊದಲು ನೀರು ಕೊಡುವ ಜನ ಇರುತ್ತಾರೆಂದು ಆಕೆಗಾದರೂ ಹೇಗೆ ಗೊತ್ತಾಗಬೇಕು?

ಅವ್ವ ಬಾಯಿಯ ಮೇಲೆ ಕೈಯಿಟ್ಟುಕೊಂಡಳು. ಅವಳ ಮುಖ ನೋಡಲಾಗಲಿಲ್ಲ ನನಗೆ.

ನಿರ್ದೇಶಕನಿಗೆ ಮಾತ್ರ ಇದು ತೀರ ಸಣ್ಣ ತೊಡಕಾಗಿ ಕಂಡಿತು. "ಪರವಾಗಿಲ್ಲ, ಇನ್ನೊಂದ್ಸಲ ಮಾಡೋಣ. ನೀವು ಹೊರಗಡೆ ಹೋಗಿ ಕಾರಿಂದ ಇಳಿದು ಬನ್ನಿ. ಈ ಸಲ ನೀರು ಬೇಡ" ಎಂದ, ಬಹಳ ವಿನಯದಿಂದ.

"ಇಳಿದ ಬಂದಾಯ್ತಲ್ಲಪ್ಪಾ" ಎಂದಳು ಅಕ್ಕ. "ಬಂದಾಕಿ ಮತ್ತ ಹೆಂಗ ಬರ್ಲಿ?"

ಅವನು ಮತ್ತೆ ಬಾಯಿ ತೆರೆದಾಗ ನಾನು ಹೆಡ್‌ಫೋನ್ ಕಿತ್ತು, "ಇನ್ನೊಂದ ಮಾತ ಆಡಿದ್ರ ಈ ಕೋಲ ನಿನ್ನ ತಲೀ ಮ್ಯಾಲೆ ಮುರೀತೈತಿ" ಎಂದೆ. ಅವನಿಗೆ ನನ್ನ ಕನ್ನಡ ಪೂರ್ತಿ ಅರ್ಥವಾಗುವುದಿಲ್ಲ, ಆದರೆ ಅಂದು ಅರ್ಥವಾಯಿತು. ತಂಗಿ ಎದ್ದು ಒಳಗೆ ಹೋಗಿ ಅಡುಗೆಗೆ ಕೂತಳು. ರೊಟ್ಟಿ ಬಡಿಯುವ ಸದ್ದು ಬಹಳ ಹೊತ್ತು ಕೇಳುತ್ತಿತ್ತು, ಐದು ಜನರ ಊಟಕ್ಕೆ ಬೇಕಾದದ್ದಕ್ಕಿಂತ ಬಹಳ ಹೊತ್ತು.

ಊಟವಾದ ಮೇಲೆ ಅಕ್ಕನನ್ನು ತಿರುಗಿ ಬಿಡಲು ಹೊರಟೆವು. ಆಡು ಕಟ್ಟಿ ಬಂದಿದ್ದಾಳೆ, ನಿಲ್ಲುವಂತಿಲ್ಲ. ಕಾರು ಹೆದ್ದಾರಿಗೆ ಬಂದದ್ದೇ ಅವ್ವನ ಕಟ್ಟೆಯೊಡೆಯಿತು. "ನನ್ನ ಕೈಗಿ ಏನ ಬಡಿದಿತ್ತು, ಯವ್ವಾ. ನಿಮ್ಮಿಬ್ಬರ ಅಳು ನಾ ಹಾಳ ಮಾಡಿದೆ. ಅಕಿ ಬೆಳಿಗ್ಗಿದಿಂದ ಉಪವಾಸ ಕೂತಿದ್ಲು" ಎಂದು ಸೆರಗಿನಲ್ಲಿ ಮೂಗು ಒರೆಸಿಕೊಳ್ಳತೊಡಗಿದಳು. ಅವ್ವ ಹಾಗೆಲ್ಲ ಅಳುವವಳಲ್ಲ. ನಾನು ಕನ್ನಡಿಯಲ್ಲಿ ನೋಡುತ್ತ ಗಾಡಿ ನಿಧಾನ ಮಾಡಿದೆ.

ಅಕ್ಕ ಅವ್ವನ ಮೊಣಕಾಲಿನ ಮೇಲೆ ಕೈಯಿಟ್ಟಳು.

"ನಿಮ್ಮದೇನೂ ತಪ್ಪಿಲ್ರಿ, ಅಕ್ಕಾ. ನೀವು ಕೊಟ್ರಿ, ಖರೆ. ಬ್ಯಾಡ ಅನ್ನಾಕ ನನಗ ಬಾಯಿ ಇದ್ದಿದ್ದಿಲ್ಲೇನು? ನಾ ಗೊತ್ತಿದ್ದ ಕುಡದೆ."

ಅವ್ವ ಮೂಗು ಒರೆಸುವುದನ್ನು ನಿಲ್ಲಿಸಿದಳು.

"ಸಾವು ಆಗಿದ್ದು ನನ್ನ ಮನ್ಯಾಗ" ಎಂದಳು ಅಕ್ಕ. "ಅಳಾಕಿ ನನ್ನ ಹೊಸ್ತಿಲಕ ಬರಬೇಕು. ಸತ್ತವನ ಮನೀ ಬಿಟ್ಟು ನಾ ಗಾಡಿ ಏರಿ ಹೋಗಿ, ನನ್ನ ಕೊರಳಿಗಿ ಬಿದ್ದ ಅಳು ಅಂತ ಇಕಿ ಮುಂದ ನಿಲ್ಲಬೇಕೇನು? ಮುಖಾ ನೋಡಬೇಕಂತ ಆಸೆ ಇತ್ತು, ನೋಡಿ ಬಂದೆ. ಅಷ್ಟ ಸಾಕು."

ನಾನು ಗಾಡಿಯನ್ನು ಪಕ್ಕಕ್ಕೆ ತೆಗೆದು ನಿಲ್ಲಿಸಿಬಿಟ್ಟೆ. ಎಷ್ಟು ಸರಳ. ನಮ್ಮ ಸಾಮಾನು ಹೈದರಾಬಾದಿನಲ್ಲಿತ್ತು, ಪಟಾನ್‌ಚೆರು ಹತ್ತಿರವಿತ್ತು, ಅಲ್ಲಿ ಕರೆಂಟು ಇತ್ತು. ಅದಕ್ಕಾಗಿ ಸಾವಿನ ಮನೆಯವಳನ್ನೇ ಎತ್ತಿ ತಂದು ಬಾಗಿಲಲ್ಲಿ ನಿಲ್ಲಿಸಿದ್ದೆವು. ಉಳಿಸಲು ಹೊರಟವರು ನಾವು. ನನ್ನ ಮೇಲೆ ನನಗೇ ಸಿಟ್ಟು ಬಂತು, ನಿರ್ದೇಶಕನ ಮೇಲೆ ಅದಕ್ಕಿಂತ ಹೆಚ್ಚು ಬಂತು. ಅವನು ಅಲ್ಲಿರಲಿಲ್ಲ, ಬದುಕಿಕೊಂಡ.

ತಾಂಡಾದಲ್ಲಿ ಅಕ್ಕ ಇಳಿದು ಬಾಗಿಲಿಗೆ ಹೋದಾಗ, ತಂಗಿ ಬಂದರೆ ಬಾಗಿಲು ತೆರೆಯುತ್ತೀರಾ ಎಂದು ಅವ್ವ ಕೇಳಿದಳು. "ಬಾಗಿಲ ಎಲ್ಲಿ ಹಾಕೀನ್ರಿ ನಾ?" ಎಂದಳು ಅಕ್ಕ, ಬೀಗ ತೆಗೆಯುತ್ತ.

ನಿರ್ದೇಶಕನಿಗೆ ಹೇಳಿದಾಗ ಅವನು ತಲೆ ಕೆರೆದುಕೊಂಡ. ಶೂಟಿಂಗಿನ ದಿನಗಳು ಮುಗಿದಿದ್ದವು, ಬಾಡಿಗೆಯ ಕ್ಯಾಮೆರಾ ತಿರುಗಿ ಹೋಗಿತ್ತು. "ಇಂಟರ್‌ವ್ಯೂ ಚೆನ್ನಾಗಿ ಬಂದಿದೆ ಮೇಡಂ, ಅದರಲ್ಲೇ ಕಟ್ಟೋಣ" ಎಂದ. ಆಮೇಲೆ, ನನ್ನ ಮುಖ ನೋಡಿ, "ಇಲ್ಲಾಂದ್ರೆ ನೀವು ಹೋಗಿ ಬರೀ ಸೌಂಡ್ ತನ್ನಿ" ಎಂದ.

"ನಾ ಸೌಂಡ್ ತರಾಕ ಹೊಂಟಿಲ್ಲ. ಅಕೀನ್ನ ಅವರಕ್ಕನ ಮನೀಗಿ ಬಿಡಾಕ ಹೊಂಟೀನಿ" ಎಂದೆ. ಹೇಳುವಾಗ ಸಿಟ್ಟಿನಲ್ಲೇ ಹೇಳಿದ್ದು. ಹೇಳಿದ ಮೇಲೆ ಅದು ನಿಜ ಎನಿಸಿತು.

ಅಕ್ಕನ ಹೊಸ್ತಿಲಿನ ಮಾತನ್ನು ತಂಗಿಗೆ ತಿಳಿಸಿದೆ. ಭಾನುವಾರ ನಾನು, ಅವ್ವ, ತಂಗಿ ಹೊರಟೆವು. ತಂಗಿ ಹೊಸ ಸೀರೆ ಉಡಲಿಲ್ಲ, ಹೂ ಮುಡಿಯಲಿಲ್ಲ. ಅಕ್ಕನಿಗೆಂದು ಒಂದು ಸೀರೆ, ಕಡಲೆಪುಟಾಣಿ, ಎರಡು ತೆಂಗಿನಕಾಯಿ ಕಟ್ಟಿಕೊಂಡಿದ್ದಳು. ಸಂಗಾರೆಡ್ಡಿ ದಾಟಿದ ಮೇಲೆ ಆಕೆ ಕಿಟಕಿಗೆ ಮುಖ ಒತ್ತಿ ರಸ್ತೆಯನ್ನೇ ನೋಡತೊಡಗಿದಳು. ಒಂದು ಮೇಲುಸೇತುವೆಯ ಹತ್ತಿರ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ವಾಂತಿ ಬರುತ್ತಿದೆಯೇನೋ ಎಂದು ನಾನು ಗಾಡಿ ನಿಲ್ಲಿಸಲು ಹೋದೆ. ಬೇಡ, ನಡೆ ಎಂದು ಕೈ ಮಾಡಿದಳು. ಝಹೀರಾಬಾದಿನಲ್ಲಿ ಚಹಾ ಕುಡಿಯೋಣವೇ ಎಂದೆ. ಆಕೆ ತಲೆಯಾಡಿಸಿದಳು, ಏನೂ ಬೇಡ. ಅವ್ವನಿಗೆ ಚಹಾ ಇಲ್ಲದಿದ್ದರೆ ತಲೆ ಸಿಡಿಯುತ್ತದೆ. ಆದರೂ, "ನನಗೂ ಬ್ಯಾಡ" ಎಂದಳು, ಘನವಾಗಿ. ಆ ದಿನ ಅವಳು ಚೀಲದಲ್ಲಿ ತಂಬಿಗೆಯನ್ನೇ ಇಟ್ಟುಕೊಂಡಿರಲಿಲ್ಲ. ಅವ್ವನ ಮೇಲೆ ಪ್ರೀತಿ ಉಕ್ಕಿ ಬಂತು.

ತಾಂಡಾ ಹತ್ತಿರವಾದಾಗ, ರೆಕಾರ್ಡರ್ ಹಚ್ಚಲೋ ಬೇಡವೋ ಎಂದು ತಂಗಿಯನ್ನು ಕೇಳಿದೆ.

"ಹಚ್ಚೂದಿದ್ರ ಹಚ್ಚು. ನಾ ನಿನ್ನ ಸಲುವಾಗಿ ಅಳೂದಿಲ್ಲ, ಅಷ್ಟ ತಿಳಕೋ."

ತಿಳಿದುಕೊಂಡೆ. ಕೋಲು ತೆಗೆಯಲಿಲ್ಲ, ಹೆಡ್‌ಫೋನ್ ಹಾಕಲಿಲ್ಲ. ಪುಟ್ಟ ರೆಕಾರ್ಡರನ್ನು ಅಕ್ಕನ ಮನೆಯ ಕಟ್ಟೆಯ ಮೇಲೆ, ಒಣಹಾಕಿದ ಮೆಣಸಿನಕಾಯಿಯ ಪಕ್ಕದಲ್ಲಿಟ್ಟು ದೂರ ಸರಿದೆ. ಅವ್ವ ಬೇವಿನ ಮರದ ಕೆಳಗೆ ಎರಡೂ ಕೈಗಳನ್ನು ಮಡಿಲಲ್ಲಿ ಕಟ್ಟಿಕೊಂಡು ಕೂತಳು, ಮತ್ತೆ ಎಲ್ಲಿ ಅವು ಯಾರಿಗಾದರೂ ಏನಾದರೂ ಕೊಟ್ಟುಬಿಡುತ್ತವೆಯೋ ಎಂಬ ಹೆದರಿಕೆಯಲ್ಲಿ.

ಅಕ್ಕ ಬಾಗಿಲಲ್ಲಿ ನಿಂತಿದ್ದಳು. ತಂಗಿ ಅಂಗಳಕ್ಕೆ ಕಾಲಿಡುತ್ತಲೇ ಸೆರಗನ್ನು ತಲೆಯ ಮೇಲೆ ಎಳೆದುಕೊಂಡಳು, ಅಲ್ಲಿಂದಲೇ ಧ್ವನಿ ಎತ್ತಿದಳು. ಮೇಲೆ ಎದ್ದ ಧ್ವನಿ ಮೆಟ್ಟಿಲಿಳಿದಂತೆ ಇಳಿದು, ಪ್ರತಿ ಸಾಲಿನ ಕೊನೆಗೆ ಅಕ್ಕನನ್ನು ಕರೆಯುತ್ತಿತ್ತು. ಓಡಿಹೋಗಿ ಕೊರಳಿಗೆ ಬಿದ್ದಳು. ಅಕ್ಕ ಕೈ ಎತ್ತಲಿಲ್ಲ. ಕಂಬದಂತೆ ನಿಂತು, ತಂಗಿಯ ತಲೆಯಾಚೆಗೆ ಬಯಲನ್ನು ನೋಡುತ್ತಿದ್ದಳು. ತಂಗಿ ಹಾಡುತ್ತಲೇ ಇದ್ದಳು. ಲಂಬಾಣಿ ಮಾತು ನನಗೆ ತಿಳಿಯದು. ಸತ್ತವನ ಹೆಸರು ಹಿಡಿದು ಅಳುತ್ತಿದ್ದಾಳೆ ಎಂಬುದಷ್ಟೇ ಗೊತ್ತಾಗುತ್ತಿತ್ತು. ಎಷ್ಟೋ ಅಳುಗಳನ್ನು ನಾನು ಮೈಕಿನಲ್ಲಿ ಹಿಡಿದಿದ್ದೇನೆ. ಹೆಡ್‌ಫೋನಿಲ್ಲದೆ ಬರಿಗಿವಿಯಲ್ಲಿ ಕೇಳಿದ್ದು ಅದೇ ಮೊದಲು.

ಒಂದು ಸಾಲಿನಲ್ಲಿ ಏನೋ ಬಂತು. ಅಕ್ಕ ಬಯಲಿನಿಂದ ಕಣ್ಣು ತೆಗೆದು ತಂಗಿಯ ಮುಖ ನೋಡಿದಳು. ಹಾಡಿನ ನಡುವೆಯೇ, ಬಾಯಿಮಾತಿನಲ್ಲಿ, ಏನೋ ಕೇಳಿದಳು. ತಂಗಿ ರಾಗ ಬಿಡದೆ ಉತ್ತರ ಹೇಳಿದಳು. ಅಕ್ಕ ಮತ್ತೆ ಕೇಳಿದಳು. ತಂಗಿ ಮತ್ತೆ ಹಾಡಿದಳು. ಆಗ ಅಕ್ಕನ ಎರಡೂ ಕೈಗಳು ಮೇಲೆದ್ದು ತಂಗಿಯ ಬೆನ್ನನ್ನು ಗಟ್ಟಿಯಾಗಿ ಹಿಡಿದವು, ಬಳೆಗಳೆಲ್ಲ ಒಮ್ಮೆಲೇ ಸದ್ದು ಮಾಡಿದವು, ಅಕ್ಕ ಗಂಟಲು ಬಿಟ್ಟು ಅಳತೊಡಗಿದಳು. ಎರಡು ಧ್ವನಿಗಳೂ ಒಂದರ ಮೇಲೊಂದು ಬಿದ್ದು, ಯಾವುದು ಯಾರದು ಎಂದು ತಿಳಿಯದಾಯಿತು. ಪಕ್ಕದ ಮನೆಯ ಹೆಂಗಸರು ಬಂದು, ಏನೂ ಕೇಳದೆ, ಸುತ್ತ ಕೂತು ತಾವೂ ಸೆರಗೆಳೆದುಕೊಂಡರು. ಮರದ ಕೆಳಗೆ ನನ್ನ ಅವ್ವ, ಯಾವ ಸಂಬಂಧವೂ ಇಲ್ಲದವಳು, ಬಿಕ್ಕಿ ಬಿಕ್ಕಿ ಅಳುತ್ತಿದ್ದಳು.

ಆ ಧ್ವನಿ ಚಿತ್ರದಲ್ಲಿದೆ. ನಿರ್ದೇಶಕ ಅದಕ್ಕೆ ದೃಶ್ಯ ಹುಡುಕಿ ಹುಡುಕಿ ಸೋತು, ಕೊನೆಗೆ ಬರೀ ಹೆದ್ದಾರಿಯನ್ನು ತೋರಿಸಿದ್ದಾನೆ. ಅದಕ್ಕಾಗಿ ಅವನ ಎಲ್ಲ ತಪ್ಪುಗಳನ್ನೂ ಕ್ಷಮಿಸಿದ್ದೇನೆ. ಆದರೆ ಅಕ್ಕ ಎದ್ದು ನೀರು ತಂದು ತಂಗಿಯ ಕೈಗೆ ಹಾಕಿ, ಮುಖ ತೊಳೆಸಿ, ಕುಡಿಸಿದ ಮೇಲೆ ನಾನು ರೆಕಾರ್ಡರ್ ಆರಿಸಿದೆ. ಅಳು ಮುಗಿದಿತ್ತು. ಮುಂದಿನದು ಚಿತ್ರದಲ್ಲಿಲ್ಲ.

ಕಟ್ಟೆಯ ಮೇಲೆ ಎಲ್ಲರೂ ಕೂತೆವು. ಅಕ್ಕ ಅವ್ವನ ಕಡೆ ತಿರುಗಿ ಕನ್ನಡದಲ್ಲಿ ಹೇಳಿದಳು.

"ನಡಕೋತ ಹೊಂಟಿದ್ಲಂತ್ರೀ, ಅಕ್ಕಾ. ಸುದ್ದಿ ಕೇಳಿದ ದಿನಾನ ಹೊಂಟಾಳ, ಒಬ್ಬಾಕಿನ. ಸಂಗಾರೆಡ್ಡಿ ದಾಟಿದ ಮ್ಯಾಲೆ ಪೊಲೀಸ್ ನಾಕಾದಾಗ ತಡದು ತಿರುಗಿ ಕಳಿಸ್ಯಾರ. ಮತ್ತ ಹೊಲದಾಗ ಹಾದು ಬಂದಾಳ. ಚಪ್ಪಲಿ ಹರದಾವ, ಬರಿಗಾಲಲೇ ಬಂದಾಳ. ಮತ್ತ ಹಿಡದಾರ. ಒಂದ ಮೇಲುಸೇತುವಿ ಕೆಳಗ ಬಿದ್ದಿದ್ಲಂತ, ಯಾರೋ ಎತ್ತಿ ಲಾರಿದಾಗ ಹಾಕಿ ಮನೀಗಿ ಮುಟ್ಟಿಸ್ಯಾರ. ಕಾಲ ಕೆಟ್ಟು ಭಾಳ ದಿನ ಎದ್ದಿಲ್ಲ."

ತಂಗಿ ತಲೆ ತಗ್ಗಿಸಿ ಸೆರಗಿನ ಅಂಚು ಸುತ್ತುತ್ತಿದ್ದಳು, ಬೈಸಿಕೊಂಡ ಮಗುವಿನ ಹಾಗೆ.

"ಒಂದ ಮಾತ ಫೋನಿನ್ಯಾಗ ಹೇಳಬಾರದೇನ ಹುಚ್ಚಿ" ಎಂದಳು ಅಕ್ಕ. ಕೊರಳಿಗೆ ಬಿದ್ದು ಹೇಳುವುದನ್ನು ಫೋನಿನಲ್ಲಿ ಹೇಳುವಂತಿಲ್ಲ ಎಂಬುದು ಅವಳಿಗೂ ಗೊತ್ತಿತ್ತು, ಹಾಗಾಗಿ ಉತ್ತರಕ್ಕೆ ಕಾಯಲಿಲ್ಲ. ಬಗ್ಗಿ, ತಂಗಿಯ ಕಾಲುಗಳನ್ನು ಎಳೆದು ತನ್ನ ಮಡಿಲಿಗೆ ಹಾಕಿಕೊಂಡು, ಒಂದೊಂದೇ ಅಂಗಾಲನ್ನು ಬೆಳಕಿಗೆ ತಿರುಗಿಸಿ ನೋಡತೊಡಗಿದಳು. ವರ್ಷಗಳು ಕಳೆದಿದ್ದವು, ಅಲ್ಲಿ ಈಗ ಗಾಯವೂ ಇರಲಿಲ್ಲ, ಗುರುತೂ ಇರಲಿಲ್ಲ, ಎಲ್ಲ ಮುದುಕಿಯರ ಹಿಮ್ಮಡಿಯಂತೆ ಒಡೆದಿತ್ತು ಅಷ್ಟೇ. ಆದರೂ ಅಕ್ಕ ಒಳಗಿಂದ ಎಣ್ಣೆ ತರಿಸಿಕೊಂಡು, ನಮ್ಮನ್ನೆಲ್ಲ ಮರೆತು, ಆ ಕಾಲುಗಳನ್ನು ತಿಕ್ಕುತ್ತ ಕೂತಳು.